ಒಂಬತ್ತನೇ ದಿನದ ಸಾಲು

ಚುಕ್ಕೆ ಇದೆ, ಸಾಲು ಖಾಲಿ. ಇದನ್ನು ತುಂಬಿದರೆ ಸುಳ್ಳಾಗುತ್ತದೆಯೇ? ಮಗು ಹುಟ್ಟಿದ್ದು ನಿಜ. ಬದುಕಿದ್ದು ನಿಜ. ಎಪ್ಪತ್ತೆರಡು ವರ್ಷ ಈ ದ್ವೀಪದ ಮರಳಿನಲ್ಲಿ ಓಡಾಡಿದ್ದು ನಿಜ. ಅಜ್ಜಿ ಬರೆಯಲಿಲ್ಲ ಎನ್ನುವುದೂ ಅಷ್ಟೇ ನಿಜ. ಆಕೆ ಬರೆಯದೆ ಬಿಟ್ಟದ್ದನ್ನು ಆಕೆಯ ಅಕ್ಷರದಲ್ಲೇ ಬರೆದರೆ, ಆ ಪಾಪ ಯಾರ ಪಾಲಿಗೆ ಹೋಗುತ್ತದೆ?

ಲಿಯಾಂಡರ್ ಕೇಪರ್ಸ್ ಪೆನ್ಸಿಲನ್ನು ಕೆಳಗಿಟ್ಟ. ಎದುರಿಗೆ ಮೇಣಬಟ್ಟೆಯ ಮೇಲೆ ಅಜ್ಜಿಯ ಪುಸ್ತಕ ತೆರೆದುಕೊಂಡಿತ್ತು. ಬೆಳಗಿನ ಎಂಟು ಗಂಟೆ. ಷೆಡ್ಡಿನ ಬಾಗಿಲಾಚೆ ಇಳಿತದ ನೀರು ಹಿಂದೆ ಸರಿದು, ಕೆಸರು ಬಿಸಿಲಿಗೆ ಮಿನುಗುತ್ತಿತ್ತು. ಗೋಡೆಗೆ ಒರಗಿಸಿದ್ದ ಹಲಗೆಯ ಮೇಲೆ ಯಾರದೋ ಸೀಗಡಿ ದೋಣಿಯ ಹೆಸರು ಅರ್ಧಕ್ಕೆ ನಿಂತಿತ್ತು. ಮೂವತ್ತು ವರ್ಷಗಳಿಂದ ಅವನ ಕಸುಬು ಇದೇ: ದೋಣಿಗಳ ಮೂತಿಗೆ, ಚರ್ಚಿನ ಬಾಗಿಲಿಗೆ, ಸಮಾಧಿಯ ಹಲಗೆಗೆ ಹೆಸರು ಬರೆಯುವುದು. ಹೆಸರು ಬರೆಯಲು ಅವನ ಕೈ ಯಾವತ್ತೂ ಹಿಂಜರಿದಿರಲಿಲ್ಲ.

ಅಜ್ಜಿ ಡೋರ್ಕಸ್ ನಲವತ್ತು ವರ್ಷ ದ್ವೀಪದ ಸೂಲಗಿತ್ತಿಯಾಗಿದ್ದವಳು. ಅಕ್ಷರ ಕಲಿತದ್ದು ಮೂವತ್ತು ದಾಟಿದ ಮೇಲೆ. ಹಾಗಾಗಿ ಪ್ರತಿ ಅಕ್ಷರವನ್ನೂ ಬೇಲಿಗೂಟ ನೆಟ್ಟಂತೆ ಒತ್ತಿ ನೆಟ್ಟು ಬರೆಯುತ್ತಿದ್ದಳು. ಪುಸ್ತಕಕ್ಕೆ ಆಕೆಯದೇ ಒಂದು ಕ್ರಮವಿತ್ತು. ಮಗು ಹುಟ್ಟಿದ ದಿನ ಅಂಚಿನಲ್ಲಿ ಒಂದು ಚುಕ್ಕೆ ಇಟ್ಟು ಸಾಲು ಖಾಲಿ ಬಿಡುವುದು. ಒಂಬತ್ತನೇ ದಿನ ತಾಯಿಯೂ ಮಗುವೂ ಹೊಸ್ತಿಲು ದಾಟಿ ಬಿಸಿಲಿಗೆ ಬಂದ ಮೇಲೆ ಆ ಸಾಲು ತುಂಬುವುದು. ಅದಕ್ಕೆ ಮುಂಚೆ ಬರೆದರೆ ಸಾವಿಗೆ ವಿಳಾಸ ಕೊಟ್ಟಂತೆ ಎಂದು ಎಲ್ಲರೂ ನಂಬಿದ್ದರು. ಬರೆಯುವಾಗಲೂ ಮಗುವಿನ ಬುಟ್ಟಿ ಹೆಸರು ಮಾತ್ರ, ಅಂದರೆ ಇನ್ನೂ ಬುಟ್ಟಿಯಲ್ಲಿ ಮಲಗಿರುವಾಗ ಮನೆಯವರು ಕರೆಯುವ ಹೆಸರು. ಆಮೇಲೆ ತಂದೆತಾಯಿಯ ಹೆಸರು, ತಾರೀಖು, ಆ ಹೊತ್ತಿಗೆ ಸಮುದ್ರ ಏರುತ್ತಿತ್ತೋ ಇಳಿಯುತ್ತಿತ್ತೋ ಎನ್ನುವುದು. ಲಿಯಾಂಡರ್‌ನ ಸಾಲೂ ಅದರಲ್ಲಿತ್ತು. ಹುಟ್ಟಿ ಎರಡು ದಿನ ಅಳದೆ ಕಣ್ಣು ಬಿಟ್ಟುಕೊಂಡೇ ಮಲಗಿದ್ದನಂತೆ. ಅಜ್ಜಿ ‘ಕೂಟಾ’, ಅಂದರೆ ಆಮೆ, ಎಂದು ಕರೆದಳು. ಅರವತ್ತು ವರ್ಷವಾದರೂ ದ್ವೀಪದಲ್ಲಿ ಅವನು ಕೂಟಾನೇ.

ಪುಸ್ತಕದಲ್ಲಿ ಹನ್ನೊಂದು ಖಾಲಿ ಸಾಲುಗಳಿದ್ದವು. ಹತ್ತು ಸಾಲುಗಳು ಒಂಬತ್ತನೇ ದಿನ ಕಾಣದ ಮಕ್ಕಳವು. ಹನ್ನೊಂದನೆಯದು ಈಗ ಅವನ ಮುಂದಿದ್ದದ್ದು, ನಲವತ್ತನೇ ಇಸವಿಯ ಆಗಸ್ಟ್ ತಿಂಗಳದು. ಮಗು ಹುಟ್ಟಿದ್ದು ಮೂರನೇ ತಾರೀಖು. ಒಂಬತ್ತನೇ ದಿನ ಹನ್ನೊಂದನೇ ತಾರೀಖಿಗೆ ಬಿತ್ತು. ಅದೇ ಹನ್ನೊಂದರ ಮಧ್ಯಾಹ್ನ ದೊಡ್ಡ ಬಿರುಗಾಳಿ ದ್ವೀಪವನ್ನು ನುಂಗಿತು. ಅಜ್ಜಿ ಪುಸ್ತಕವನ್ನು ಮೇಣಬಟ್ಟೆಯಲ್ಲಿ ಸುತ್ತಿ ಸೊಂಟಕ್ಕೆ ಕಟ್ಟಿಕೊಂಡು ಓಕ್ ಮರ ಹತ್ತಿದಳು. ಪುಸ್ತಕ ಉಳಿಯಿತು, ಮಗುವೂ ಉಳಿಯಿತು. ಸಾಲು ಮಾತ್ರ ಹಾಗೇ ಉಳಿದುಬಿಟ್ಟಿತು.

ಹತ್ತು ವರ್ಷದ ಹುಡುಗನಾಗಿದ್ದಾಗ ಲಿಯಾಂಡರ್ ಒಮ್ಮೆ ಕೇಳಿದ್ದ: “ಮಿನ್ನಾ ಅತ್ತೆ ಬದುಕಿದ್ದಾಳಲ್ಲ ಅಜ್ಜಿ, ಈಗ ಬರೆದುಬಿಡು.”

“ದಿನ ತಪ್ಪಿದ ಮೇಲೆ ಬರೆದ್ರೆ ಸುಳ್ಳು ಬರೆದ ಹಾಗೆ ಕಣೋ,” ಎಂದಿದ್ದಳು ಅಜ್ಜಿ. “ಬರೆದು ಆಗ್ಬೇಕಾದ್ದಾದ್ರೂ ಏನು? ಕಣ್ಣೆದುರಿಗೇ ಓಡಾಡ್ತಾ ಇದಾಳಲ್ಲ!”

ಓಡಾಡುವುದೊಂದೇ ಸಾಲದು ಎನ್ನುವ ಕಾಲ ಬರುತ್ತದೆಂದು ಆಕೆಗೆ ಹೇಗೆ ಗೊತ್ತಾಗಬೇಕು.

*

ಚುನಾವಣೆಯವರ ಕಾಗದ ಬಂದದ್ದು ಸೆಪ್ಟೆಂಬರ್ ಮೊದಲ ವಾರ. ಮಿನ್ನಾ ಅತ್ತೆ ಅದನ್ನು ಹಿಡಿದುಕೊಂಡು ನೇರ ಷೆಡ್ಡಿಗೇ ಬಂದಳು. ಮತಪಟ್ಟಿಯಲ್ಲಿ ಆಕೆಯ ಹೆಸರು ಆರೀಲಿಯಾ ಚಿಸಮ್; ಮಿನ್ನಾ ಎನ್ನುವುದು ಬುಟ್ಟಿ ಹೆಸರು, ದ್ವೀಪದ ಕಿರಿಯರಿಗೆಲ್ಲ ಆಕೆ ಅತ್ತೆ. ಮೊದಲು ಸಿಂಪಿ ಕಾರ್ಖಾನೆಯಲ್ಲಿ, ಆಮೇಲೆ ಶಾಲೆಯ ಅಡುಗೆಮನೆಯಲ್ಲಿ ದುಡಿದವಳು. ಮದುವೆಯಾಗಲಿಲ್ಲ, ಕಾರು ಓಡಿಸಲಿಲ್ಲ, ವಿಮಾನ ಹತ್ತಲಿಲ್ಲ. ಫೋಟೋ ಇರುವ ಸರ್ಕಾರಿ ಕಾರ್ಡು ಆಕೆಯ ಬಳಿ ಇರಲು ಕಾರಣವೇ ಇರಲಿಲ್ಲ.

“ಕೂಟಾ, ಇದನ್ನ ಓದು. ನನ್ನ ಕಣ್ಣೇ ತಪ್ಪು ಓದ್ತಾ ಇದೆಯೋ, ಇವರ ತಲೇನೇ ಕೆಟ್ಟಿದೆಯೋ ನೋಡಿ ಹೇಳು.”

ಅವನು ಓದಿದ. ಎರಡು ಸಲ ಓದಿದ.

“ಏನಂತೆ? ಬಾಯಿ ಬಿಡೋ, ನಿನ್ನ ಮಾತಿಗೇನು ದುಡ್ಡು ಕೊಡಬೇಕಾ?”

“ಫೋಟೋ ಇರೋ ಕಾರ್ಡು ಬೇಕಂತೆ ಅತ್ತೆ. ನಮ್ಮ ಹಳೇ ಓಟಿನ ಚೀಟಿ ಇನ್ಮೇಲೆ ನಡೆಯೋಲ್ವಂತೆ.”

“ನಲವತ್ತೆಂಟು ವರ್ಷ ಹಾಕಿದೀನಿ. ಅಷ್ಟೂ ಸಲ ಹಾಕಿದ್ದು ಯಾರಂತೆ, ನನ್ನ ದೆವ್ವಾನಾ?”

ಇಪ್ಪತ್ತನಾಲ್ಕನೇ ವಯಸ್ಸಿಗೆ ಆಕೆ ಹೆಸರು ನೋಂದಾಯಿಸಿದ ಕಥೆ ಲಿಯಾಂಡರ್‌ಗೆ ಬಾಯಿಪಾಠ. ಆ ಕಾಲದಲ್ಲಿ ಕರಿಯರು ಓಟು ಕೇಳಿದರೆ ಮೊದಲು ಓದಿ ತೋರಿಸಬೇಕಿತ್ತು. ಕೋರ್ಟಿನ ಗುಮಾಸ್ತ ರಾಜ್ಯದ ಸಂವಿಧಾನದ ಅತಿ ಜಿಗುಟು ಪುಟವನ್ನು ಹುಡುಕಿ ಮುಂದಿಟ್ಟನಂತೆ. ಈಕೆ ತಡವರಿಸದೆ ಓದಿ ಮುಗಿಸಿ, “ಇನ್ನೊಂದು ಪುಟ ಓದ್ಲಾ ಸಾರ್? ನಿಮಗೆ ಅರ್ಥ ಆಗಿಲ್ದಿದ್ರೆ ಹೇಳಿಯೂ ಕೊಡ್ತೀನಿ,” ಅಂದಳಂತೆ. ಮರುವಾರ ಕಾರ್ಖಾನೆಯಲ್ಲಿ ಆಕೆಯ ಕೆಲಸ ಹೋಯಿತು. ಹೆಸರು ಮಾತ್ರ ಪಟ್ಟಿಯಲ್ಲಿ ನಿಂತಿತು. ಅಲ್ಲಿಂದ ಇಲ್ಲಿಯವರೆಗೆ ಒಂದು ಚುನಾವಣೆಯನ್ನೂ ಬಿಟ್ಟವಳಲ್ಲ; ಕಾಲು ಮುರಿದಿದ್ದ ವರ್ಷ ಚಕ್ರದ ಕೈಗಾಡಿಯಲ್ಲಿ ಕೂತು ಬಂದು ಹಾಕಿದ್ದಳು.

ಅಲೆದಾಟ ಶುರುವಾಯಿತು. ಕಾರ್ಡಿನ ಕಚೇರಿ ಆಚೆ ದಡದಲ್ಲಿ, ಮೂವತ್ತೆಂಟು ಮೈಲಿ, ವಾರಕ್ಕೆ ಎರಡೇ ದಿನ ಬಾಗಿಲು ತೆರೆಯುತ್ತಿತ್ತು. ಪಕ್ಕದ ಮನೆಯ ವರ್ಡೆಲ್ ತನ್ನ ಲಟಾರಿ ಕಾರಿನಲ್ಲಿ ಕರೆದುಕೊಂಡು ಹೋಗುತ್ತಿದ್ದಳು. ಮೊದಲ ಸಲ: ಜನನ ಪತ್ರ ತನ್ನಿ. ಎರಡನೇ ಸಲ: ರಾಜಧಾನಿಗೆ ಬರೆದು ಕೇಳಿದ್ದಾಯಿತು, ಈ ಹೆಸರಿನವರು ಹುಟ್ಟಿದ ದಾಖಲೆ ಇಲ್ಲ. ಮೂರನೇ ಸಲ: ಹಾಗಾದರೆ ತಡವಾದ ಜನನ ಪತ್ರಕ್ಕೆ ಅರ್ಜಿ ಹಾಕಿ, ವಿಚಾರಣೆಗೆ ಬನ್ನಿ, ಹತ್ತು ವರ್ಷ ತುಂಬುವ ಮೊದಲಿನ ಒಂದು ಬರಹದ ಸಾಕ್ಷಿ ತನ್ನಿ. ಚರ್ಚಿನ ದೀಕ್ಷಾಸ್ನಾನದ ಚೀಟಿ ಇತ್ತು; ಪಿಂಚಣಿಯವರು ಅದನ್ನು ನೋಡಿ ಎಂದೋ ಒಪ್ಪಿದ್ದರು. ಇವರು ಒಪ್ಪಲಿಲ್ಲ. ಸ್ನಾನವಾದಾಗ ಆಕೆಗೆ ಹನ್ನೆರಡು. ಮನೆಯ ಬೈಬಲ್ಲು ಬಿರುಗಾಳಿಯಲ್ಲಿ ತೇಲಿಹೋಗಿತ್ತು. ಹಳೇ ಶಾಲೆ ಸುಟ್ಟುಹೋಗಿತ್ತು.

ಮೂರನೇ ಸಲ ಹಿಂದಿರುಗಿ ಬಂದಾಗ ವರ್ಡೆಲ್ ಕಾರಿನಿಂದ ಇಳಿಯುವ ಮೊದಲೇ ಬಾಯಿ ಬಿಟ್ಟಿದ್ದಳು.

“ಕೂಟಾ, ಕೇಳಿದ್ಯಾ? ನನ್ನ ಗಂಡ ಒಂದು ಜಿಂಕೆ ಹೊಡೆದ್ರೆ ಅದರ ಕಿವಿಗೆ ಸರ್ಕಾರ ಚೀಟಿ ಕಟ್ಟಿ ನಂಬರು ಕೊಡುತ್ತೆ. ಸತ್ತ ಜಿಂಕೆಗೆ ಇರೋ ಮರ್ಯಾದೆ ನಮ್ಮ ಮಿನ್ನಾಗೆ ಇಲ್ಲ ನೋಡು!”

“ನನ್ನ ಕಿವಿಗೂ ಕಟ್ಟಿಸು, ಹೋಗು,” ಎಂದಳು ಮಿನ್ನಾ ಅತ್ತೆ. ನಗಲಿಲ್ಲ. ಹೊಸ್ತಿಲ ಮೇಲೆ ಕೂತು ಬೂಟು ಕಳಚಿ ಪಾದ ಒತ್ತಿಕೊಂಡಳು. “ನಮ್ಮ ಮುತ್ತಜ್ಜೀನ ಮಾರಿದ್ರಲ್ಲ, ಆಗ ಹೆಸರು, ವಯಸ್ಸು, ಬಾಯಲ್ಲಿ ಹಲ್ಲೆಷ್ಟು, ಎಲ್ಲಾ ಚೆನ್ನಾಗಿ ಬರೆದಿಟ್ಟಿದ್ರು. ಆ ಕಾಗದ ಇವತ್ತಿಗೂ ಅವರ ಕೋರ್ಟಿನ ಕಪಾಟಲ್ಲಿದೆ, ನಾನೇ ಕಣ್ಣಾರೆ ನೋಡಿದೀನಿ. ನಾನು ಹುಟ್ಟಿದ್ದು ಮಾತ್ರ ಇಲ್ವಂತೆ. ಮಾರೋಕೆ ಬೇಕಿದ್ರೆ ಕಾಗದ ಇರುತ್ತೆ ಕೂಟಾ.”

ವರ್ಡೆಲ್ ಕಾರಿನ ಬಾಗಿಲು ಮುಚ್ಚಿದಳು. ಆಮೇಲೆ ಮೆಲ್ಲಗೆ, “ಡೋರ್ಕಸ್ ಅಜ್ಜಿ ಪುಸ್ತಕ ಇದೆಯಲ್ಲ,” ಎಂದಳು. “ನಮ್ಮ ಬೀದಿಯ ಗ್ರೇಸಿಗೂ ಅವಳ ತಮ್ಮನಿಗೂ ಅದನ್ನ ತೋರಿಸಿಯೇ ಜನನ ಪತ್ರ ಆಯ್ತು. ಹುಟ್ಟಿದಾಗಲೇ ಬರೆದಿದ್ದು ಅಂತ ಒಪ್ಕೊಂಡ್ರು.”

ಮಿನ್ನಾ ಅತ್ತೆ ಪಾದ ಒತ್ತುವುದನ್ನು ನಿಲ್ಲಿಸಿದಳು. ಪುಸ್ತಕದ ಮಾತು ಬಂದಾಗಲೆಲ್ಲ ಆಕೆ ಬೇರೆ ಕಡೆ ನೋಡುತ್ತಿದ್ದಳು ಎನ್ನುವುದು ಲಿಯಾಂಡರ್‌ಗೆ ಗೊತ್ತಿತ್ತು. ಚಿಕ್ಕಂದಿನಲ್ಲಿ ಜಗಳವಾದರೆ ಉಳಿದ ಮಕ್ಕಳು ಆಕೆಯನ್ನು ‘ಬರೆಯದವಳು’ ಎಂದು ಹಂಗಿಸುತ್ತಿದ್ದರಂತೆ. ನಿಜವೋ ಸುಳ್ಳೋ ನೋಡಲು ಆಕೆ ಒಂದು ದಿನವೂ ಪುಸ್ತಕ ತೆರೆಸಿರಲಿಲ್ಲ.

“ಅದರಲ್ಲಿ ನಾನು ಇದೀನಾ ಕೂಟಾ?”

ಇಲ್ಲ ಎನ್ನಬಹುದಿತ್ತು. ಚುಕ್ಕೆಯಾಗಿ ಇದ್ದೀಯ ಎನ್ನಬಹುದಿತ್ತು.

“ಹುಡುಕಿ ನೋಡ್ತೀನಿ ಅತ್ತೆ,” ಎಂದ.

*

ಮರುದಿನ ಅವನು ಆ ಕಚೇರಿಗೆ ಫೋನು ಮಾಡಿದ. ಅಷ್ಟು ಹೊತ್ತು ಫೋನಿನಲ್ಲಿ ಅವನು ಜೀವಮಾನದಲ್ಲಿ ಮಾತಾಡಿರಲಿಲ್ಲ. ಬರಹದ ಸಾಕ್ಷಿಯ ಬದಲು ಬಾಯಿಸಾಕ್ಷಿ ಆಗುತ್ತದೆಯೇ ಎಂದು ಕೇಳಿದ.

“ಖಂಡಿತ ಆಗುತ್ತೆ ಸರ್,” ಎಂದಿತು ಒಂದು ಹೆಣ್ಣು ದನಿ, ಪಾಯಸದಷ್ಟು ಸಿಹಿಯಾಗಿ. “ಸಾಕ್ಷಿ ಹೆರಿಗೆ ಆದಾಗ ಅಲ್ಲೇ ಇದ್ದಿರಬೇಕು. ಅರ್ಜಿದಾರರಿಗಿಂತ ಹತ್ತು ವರ್ಷ ದೊಡ್ಡವರಾಗಿರಬೇಕು.”

“ಅಲ್ಲಿದ್ದವರು ತಾಯಿ, ಸೂಲಗಿತ್ತಿ, ದೀಪ ಹಿಡಿದಿದ್ದ ದೊಡ್ಡಮ್ಮ. ಮೂವರೂ ಮಣ್ಣಲ್ಲಿದಾರೆ.”

ಆಚೆಯಿಂದ ಏನೋ ಬರೆದುಕೊಳ್ಳುವ ಸದ್ದು.

“ಹಾಗಾದ್ರೆ ಅವರಿಂದ ಆಗೋಲ್ಲ ಸರ್.”

ಇನ್ನೊಂದು ಪ್ರಶ್ನೆ ನಾಲಿಗೆಯ ತುದಿಯಲ್ಲಿತ್ತು: ಸೂಲಗಿತ್ತಿ ಒಂದು ಸಾಲು ಬಿಟ್ಟಿದ್ದರೆ, ಆ ಬಿಟ್ಟದ್ದಕ್ಕೂ ಒಂದು ಅರ್ಥವಿದ್ದರೆ? ಕೇಳಲಿಲ್ಲ. ಖಾಲಿ ಜಾಗವನ್ನು ಅವರು ಹೇಗೆ ಓದುತ್ತಾರೆಂದು ಕೇಳದೆಯೇ ತಿಳಿಯುತ್ತಿತ್ತು. ಫೋನು ಇಟ್ಟ ಮೇಲೆ ಬಹಳ ಹೊತ್ತು ಅವನ ಕಿವಿ ಕಾದ ತಗಡಿನಂತೆ ಸುಡುತ್ತಿತ್ತು. ಕೋಪ ಬಂದರೆ ಉಳಿದವರಿಗೆ ಮಾತು ಬರುತ್ತದೆ. ಅವನಿಗೆ ಇದ್ದ ಮಾತೂ ಹೋಗುತ್ತದೆ. ಯಾರ ಮೇಲೆ ಕೋಪ ಎಂದು ಹುಡುಕಿದರೆ ಎದುರಿಗೆ ಒಂದು ಮುಖವೂ ಸಿಗುತ್ತಿರಲಿಲ್ಲ. ಎಲ್ಲರೂ ಮರ್ಯಾದೆಯಿಂದಲೇ ಮಾತಾಡುತ್ತಿದ್ದರು. ಹಿಂದೆ ಓಟು ತಡೆಯಲು ಕೋಲು ಹಿಡಿದು ಬಾಗಿಲಲ್ಲಿ ನಿಲ್ಲುತ್ತಿದ್ದವರಿಗಾದರೂ ಮುಖವಿತ್ತು, ಹೆಸರಿತ್ತು, ಉಗಿಯಲು ಒಂದು ಜಾಗವಿತ್ತು. ಈಗ ಬಾಗಿಲು ತೆರೆದೇ ಇದೆ, ಒಳಗೆ ಬನ್ನಿ ಎಂದು ನಗುತ್ತಾರೆ. ನೀವು ಹುಟ್ಟಿದ್ದೀರಿ ಎನ್ನುವುದೊಂದನ್ನು ತೋರಿಸಿದರೆ ಸಾಕು.

ವಿಚಾರಣೆ ಗುರುವಾರ ಮಧ್ಯಾಹ್ನ. ಗುರುವಾರ ಬೆಳಿಗ್ಗೆ ಎಂಟಕ್ಕೆ ಅವನು ಷೆಡ್ಡಿನಲ್ಲಿ ಕೂತದ್ದು, ಪೆನ್ಸಿಲು ಕೆಳಗಿಟ್ಟದ್ದು. ಎಂಟೂವರೆಗೆ ಮತ್ತೆ ಕೈಗೆತ್ತಿಕೊಂಡ.

ಮೊದಲು ಒಂದು ಹಲಗೆಯ ಚೂರಿನ ಮೇಲೆ ಬರೆದು ನೋಡಿದ. ಅಜ್ಜಿಯ ಅಕ್ಷರ ಕಷ್ಟವಾಗಲಿಲ್ಲ, ತುಂಬ ಸುಲಭವಾಗಿ ಬಂತು. ಆ ಸುಲಭವೇ ಅವನನ್ನು ಹೆದರಿಸಿತು. ಬೇಲಿಗೂಟದಂಥ ಗೆರೆಗಳು, ಪ್ರತಿ ಹೆಸರಿನ ಕೊನೆಗೆ ಕಾಗದ ತೂತಾಗುವಷ್ಟು ಒತ್ತಿದ ಬಿಂದು. ಆಕೆಯ ಹಳೇ ಸೂಲಗಿತ್ತಿ ಚೀಲದ ತಳದಲ್ಲಿ ಆಕೆಯದೇ ಮೋಟು ಪೆನ್ಸಿಲು ಇತ್ತು. ಅದರಿಂದಲೇ ಪುಸ್ತಕದ ಖಾಲಿ ಸಾಲಿನಲ್ಲಿ ಬರೆದ: *ಮಿನ್ನಾ. ಹೆಣ್ಣು. ಫಿಲಿಸ್ ಮತ್ತು ಸ್ಯಾಮ್ ಚಿಸಮ್. ಆಗಸ್ಟ್ 3.*

ಅಲ್ಲಿಗೆ ಕೈ ನಿಂತಿತು. ಸಮುದ್ರ?

ಪ್ರತಿ ಸಾಲಿನ ಕೊನೆಗೂ ಸಮುದ್ರವಿತ್ತು. ಅದಿಲ್ಲದಿದ್ದರೆ ಈ ಸಾಲೊಂದೇ ಬೇರೆಯಾಗಿ ಕಾಣುತ್ತದೆ. ಹೆಸರು ಅವನಿಗೆ ಗೊತ್ತಿತ್ತು, ದಿನ ಗೊತ್ತಿತ್ತು, ತಂದೆತಾಯಿ ಯಾರೆಂದು ಗೊತ್ತಿತ್ತು. ಆ ಹೊತ್ತಿಗೆ ನೀರು ಎಲ್ಲಿತ್ತು ಎನ್ನುವುದು ಮಾತ್ರ ಬದುಕಿರುವ ಯಾರಿಗೂ ಗೊತ್ತಿರಲಿಲ್ಲ. ಇಲ್ಲಿಯವರೆಗೆ ಬರೆದದ್ದೆಲ್ಲ ನಿಜವೇ, ಬರೆದ ಕೈ ಮಾತ್ರ ಬೇರೆ ಎಂದು ಅವನು ತನಗೆ ತಾನೇ ಹೇಳಿಕೊಳ್ಳುತ್ತಿದ್ದ. ಇನ್ನು ಹಾಗೆ ಹೇಳಿಕೊಳ್ಳುವಂತಿರಲಿಲ್ಲ. ಕಿಟಕಿಯಾಚೆ ನೋಡಿದ. ಕೆಸರಿನ ಕಾಲುವೆಗಳಲ್ಲಿ ನೀರು ಆಗಷ್ಟೇ ಮರಳಿ ನುಗ್ಗತೊಡಗಿತ್ತು.

*ಏರು ನೀರು,* ಎಂದು ಬರೆದು ಬಿಂದುವನ್ನು ಒತ್ತಿದ.

*

ವಿಚಾರಣೆಯ ಕೋಣೆಯಲ್ಲಿ ಮೇಜಿನಾಚೆ ಕೂತಿದ್ದವಳು ಮಿಸ್ ಟಾಲ್ಬರ್ಟ್. ಮೂವತ್ತರ ಒಳಗಿನ ಬಿಳಿ ಹುಡುಗಿ, ಇಸ್ತ್ರಿಯ ಗೆರೆ ಮುರಿಯದ ಅಂಗಿ, ಮೇಜಿನ ಮೇಲೆ ಗಾಜಿನ ಬಟ್ಟಲಲ್ಲಿ ಪೆಪ್ಪರಮಿಂಟು. ಫೋನಿನಲ್ಲಿ ಕೇಳಿದ ಸಿಹಿ ದನಿ ಅದೇ.

“ತಗೊಳ್ಳಿ ಮಿಸ್ ಚಿಸಮ್, ಬಾಯಿಗೆ ಹಾಕ್ಕೊಳ್ಳಿ. ದೂರದಿಂದ ಬಂದಿದೀರ.”

“ಬೇಡಮ್ಮ. ನನ್ನ ಬಾಯಿಗೆ ಬೇರೆ ಕೆಲಸ ಇದೆ.”

ವರ್ಡೆಲ್ ಹಿಂದಿನ ಕುರ್ಚಿಯಲ್ಲಿ ಕೆಮ್ಮಿದಳು. ಮಿಸ್ ಟಾಲ್ಬರ್ಟ್ ನಗುತ್ತಲೇ ಕಾಗದ ತಿರುವಿದಳು.

“ನೀವು ಆಗಸ್ಟ್ ಮೂರನೇ ತಾರೀಖು ಹುಟ್ಟಿದ್ದು ಅಂತ ನಿಮಗೆ ಹೇಗೆ ಗೊತ್ತು?”

“ನಾನೂ ಅಲ್ಲೇ ಇದ್ದೆ ಕಣಮ್ಮ. ಆದ್ರೆ ಕ್ಯಾಲೆಂಡರ್ ನೋಡೋ ಸ್ಥಿತಿಯಲ್ಲಿರ್ಲಿಲ್ಲ.”

“ತಮಾಷೆ ಮಾಡಬಾರದು ಮಿಸ್ ಚಿಸಮ್. ಇದು ದಾಖಲೆಗೆ ಹೋಗುತ್ತೆ.”

“ಹೋಗ್ಲಿ ಬಿಡು. ನನ್ನದು ಅಂತ ಒಂದಾದ್ರೂ ದಾಖಲೆ ಇರ್ಲಿ.”

ಹುಡುಗಿಯ ಮುಖ ತುಸು ಕೆಂಪಾಯಿತು. ಪೆನ್ನನ್ನು ಕೆಳಗಿಟ್ಟು, ಮಗುವಿಗೆ ಬುದ್ಧಿ ಹೇಳುವ ದನಿಯಲ್ಲಿ ಶುರು ಮಾಡಿದಳು: “ನೋಡಿ, ಇದೆಲ್ಲ ನಿಮ್ಮ ಒಳ್ಳೇದಕ್ಕೇ. ನಿಮ್ಮ ಹೆಸರಲ್ಲಿ ಬೇರೆ ಯಾರೋ ಬಂದು ಓಟು ಹಾಕಿಬಿಟ್ರೆ?”

“ನನ್ನ ಹೆಸರಲ್ಲಾ? ನಮ್ಮ ದ್ವೀಪದಲ್ಲಾ?” ಮಿನ್ನಾ ಅತ್ತೆ ಮುಂದಕ್ಕೆ ಬಾಗಿದಳು. “ಅವಳು ಬಾಗಿಲು ದಾಟೋ ಮುಂಚೆ ನಾಲ್ಕು ಜನ ಅವಳ ಸೊಂಟ ಮುರೀತಾರೆ. ನನ್ನ ಕೆಮ್ಮು ಕೇಳಿದ್ರೆ ಸಾಕು, ಮೂರನೇ ಮನೆಯವರು ‘ಮಿನ್ನಾ ಎದ್ದಳು’ ಅಂತಾರೆ. ಅಂಥಾ ಊರಲ್ಲಿ ನಾನು ಯಾರು ಅಂತ ಹೇಳೋಕೆ ನೀನು ಬೇಕಾ ಮಗೂ?”

“ಕಾನೂನು ನಿಮ್ಮ ಊರಿಗೆ ಮಾತ್ರ ಅಲ್ವಲ್ಲ. ಒಂದೇ ಒಂದು ಸುಳ್ಳು ಮತವೂ ಬೀಳಬಾರದು, ಅಷ್ಟೇ ಉದ್ದೇಶ.”

ಲಿಯಾಂಡರ್ ತನ್ನ ಮೊಣಕಾಲ ಮೇಲಿದ್ದ ಪುಸ್ತಕವನ್ನು ಎರಡೂ ಕೈಯಿಂದ ಹಿಡಿದಿದ್ದ. ಸುಳ್ಳು ಮತ. ಈ ನಲವತ್ತೆಂಟು ವರ್ಷದಲ್ಲಿ ದ್ವೀಪದಲ್ಲಿ ಅಂಥದ್ದೊಂದು ಬಿದ್ದಿದ್ದರೆ ಹೇಳಲಿ. ಇಲ್ಲದ ಕಳ್ಳನನ್ನು ಹಿಡಿಯಲು ಇರುವ ಮನೆಯವರನ್ನೆಲ್ಲ ಹೊರಗೆ ನಿಲ್ಲಿಸಿ ಬೀಗ ಹಾಕುತ್ತಾರೆ, ಮೇಲೆ ಪೆಪ್ಪರಮಿಂಟು ಕೊಡುತ್ತಾರೆ. ಇದನ್ನು ಗಟ್ಟಿಯಾಗಿ ಹೇಳಬೇಕು ಎನ್ನಿಸಿತು. ಆದರೆ ಬಾಯಿ ತೆರೆದರೆ ಅದರ ಹಿಂದೆಯೇ ಉಳಿದದ್ದೂ ಬಂದುಬಿಡಬಹುದು ಎಂಬ ಭಯವಾಯಿತು.

ಅವನ ಸರದಿ ಬಂತು. ಬೈಬಲ್ಲಿನ ಮೇಲೆ ಕೈ ಇಡಲು ಹೇಳಿದರು. ಇಟ್ಟ.

“ಇದು ನಿಮ್ಮ ಅಜ್ಜಿಯ ಪುಸ್ತಕ?”

“ಹೌದು.”

“ಇದರಲ್ಲಿ ಮಿನ್ನಾ ಅಂತಿದೆ. ಆರೀಲಿಯಾ ಅಂತಿಲ್ಲ.”

ಅದು ಬುಟ್ಟಿ ಹೆಸರು ಎಂದು ಅವನು ವಿವರಿಸಿದ. ಎರಡೂ ಹೆಸರು ಒಬ್ಬಳದೇ ಎಂದು ಪಾದ್ರಿ ಬರೆದುಕೊಟ್ಟ ಪತ್ರವನ್ನು ಮುಂದಿಟ್ಟ. ಮಿಸ್ ಟಾಲ್ಬರ್ಟ್ ತಲೆಯಾಡಿಸಿದಳು. ಗ್ರೇಸಿಯ ವಿಚಾರಣೆಯಲ್ಲಿ ಅವಳು ಇದನ್ನು ಕಲಿತಿದ್ದಳು. ಭೂತಗನ್ನಡಿ ತೆಗೆದು ಸಾಲನ್ನು ನೋಡಿದಳು. ಮೇಲಿನ ಸಾಲನ್ನು, ಕೆಳಗಿನ ಸಾಲನ್ನು ನೋಡಿದಳು. ಪುಟ ಹಿಂದೆಮುಂದೆ ತಿರುವಿದಳು.

“ನಡುನಡುವೆ ಕೆಲವು ಸಾಲು ಖಾಲಿ ಇದೆಯಲ್ಲ, ಯಾಕೆ?”

“ಒಂಬತ್ತು ದಿನ ಬದುಕದ ಮಕ್ಕಳು ಅಮ್ಮ.”

“ಓ,” ಎಂದಳು. ಒಂದು ಕ್ಷಣ ಅವಳ ದನಿಯ ಸಿಹಿ ಹೋಗಿ ಬರೀ ದನಿ ಉಳಿಯಿತು. ಬೇಗ ಪುಟ ಮಗುಚಿದಳು. “ಈ ಸಾಲು, ಆಗಸ್ಟ್ ಮೂರರದ್ದು, ನಿಮ್ಮ ಅಜ್ಜಿಯೇ ಸ್ವಂತ ಕೈಯಿಂದ, ಹುಟ್ಟಿದ ಆಸುಪಾಸಿನಲ್ಲೇ ಬರೆದದ್ದು ಅಂತ ಪ್ರಮಾಣ ಮಾಡ್ತೀರಾ?”

ಅಂಗೈ ಕೆಳಗಿನ ಬೈಬಲ್ಲಿನ ಹೊದಿಕೆ ಹೊಸದು, ನುಣುಪು. ಅದರ ಮೇಲೆ ಬೆವರಿನ ಗುರುತು ಮೂಡುತ್ತಿತ್ತು. ಪಕ್ಕದಲ್ಲಿ ಮಿನ್ನಾ ಅತ್ತೆ ಕೂತಿದ್ದಳು. ಪುಸ್ತಕ ತೆರೆದಾಗಲೂ ಆಕೆ ಅತ್ತ ನೋಡಿರಲಿಲ್ಲ. ಕಿಟಕಿಯ ಕಡೆ ನೋಡುತ್ತಿದ್ದಳು.

“ಮಾಡ್ತೀನಿ,” ಎಂದ.

ಮೊಹರು ಬಿತ್ತು. ದ್ವೀಪದ ಮತಪಟ್ಟಿಯ ವಿಷಯದಲ್ಲಿ ಯಾರೂ ಯಾವತ್ತೂ ಸುಳ್ಳು ಹೇಳಿರಲಿಲ್ಲ. ಮೊದಲ ಸುಳ್ಳನ್ನು ಹೇಳಿಸಿದ್ದು ಸುಳ್ಳು ತಡೆಯಲೆಂದೇ ಮಾಡಿದ ಕಾನೂನು. ಬರುವಾಗ ಕಾರಿನಲ್ಲಿ ವರ್ಡೆಲ್ ಹಾಡು ಹೇಳಿದಳು, ಸೇತುವೆಯ ಮೇಲೆ ಹಾರ್ನು ಬಾರಿಸಿದಳು. ಲಿಯಾಂಡರ್ ಹಿಂದಿನ ಸೀಟಿನಲ್ಲಿ ಕೈಗಳನ್ನು ತೊಡೆಯ ಕೆಳಗೆ ಇಟ್ಟುಕೊಂಡು ಕೂತಿದ್ದ.

*

ಚುನಾವಣೆಯ ದಿನ ಶಾಲೆಯ ಊಟದ ಹಾಲಿನಲ್ಲಿ ಸಾಲು ಬಾಗಿಲಾಚೆಗೂ ಬಂದಿತ್ತು. ಮಿನ್ನಾ ಅತ್ತೆ ನೇರಳೆ ಟೋಪಿ ಹಾಕಿಕೊಂಡು, ಮೂರು ದಿನದ ಹಿಂದೆ ಬಂದ ಕಾರ್ಡನ್ನು ಎದೆಗೆ ಹಿಡಿದು ನಿಂತಿದ್ದಳು. ಮೇಜಿನ ಹಿಂದೆ ಕೂತಿದ್ದವನು ವರ್ಡೆಲ್‌ಳ ಮೈದುನ ಆರ್ಥರ್. ಶಾಲೆಯಲ್ಲಿ ಆಕೆ ಬಡಿಸಿದ ಅನ್ನ ತಿಂದೇ ದೊಡ್ಡವನಾದವನು.

“ಗುರುತಿನ ಕಾರ್ಡು ತೋರಿಸಿ,” ಎಂದ ಅವನು, ಮೇಜನ್ನೇ ನೋಡುತ್ತಾ.

“ಯಾಕಪ್ಪಾ, ಗುರುತು ಸಿಗ್ಲಿಲ್ವಾ? ಎರಡನೇ ಸಲ ಮೀನು ಬಡಿಸು ಅಂತ ತಟ್ಟೆ ಬಡೀತಿದ್ದೆಯಲ್ಲ, ಆಗ ಸಿಕ್ತಿತ್ತಾ?”

ಸಾಲಿನಲ್ಲಿದ್ದವರು ನಕ್ಕರು. ಆರ್ಥರ್ ನಗಲಿಲ್ಲ. “ಹೊಟ್ಟೆಪಾಡು ಅತ್ತೆ, ಕೇಳ್ಲೇಬೇಕು,” ಎಂದು ಗೊಣಗಿದ. ಆಕೆ ಕಾರ್ಡನ್ನು ಇಸ್ಪೀಟಿನ ಎಲೆ ಎಸೆದಂತೆ ಮೇಜಿನ ಮೇಲೆ ಎಸೆದಳು. ಓಟು ಹಾಕಿ ತಲೆಯೆತ್ತಿಕೊಂಡೇ ಹೊರಬಂದಳು.

ಬಾಗಿಲ ಬಳಿ ಅದೇ ಹೊತ್ತಿಗೆ ಮೋಸೆಸ್ ಫ್ರಿಪ್ ವಾಪಸು ಹೊರಟಿದ್ದ. ವಯಸ್ಸು ಎಪ್ಪತ್ತೊಂಬತ್ತು, ಯುದ್ಧಕ್ಕೆ ಹೋಗಿಬಂದವನು. ಅವನ ಕೈಯಲ್ಲಿ ಹಳೇ ಓಟಿನ ಚೀಟಿ ಇತ್ತು, ಮಡಚಿ ಮಡಚಿ ಬಟ್ಟೆಯಂತಾದದ್ದು. ಅವನು ಹುಟ್ಟಿದ್ದು ದ್ವೀಪದ ಉತ್ತರ ತುದಿಯಲ್ಲಿ. ಅಲ್ಲಿನ ಸೂಲಗಿತ್ತಿಗೆ ಅಕ್ಷರ ಬರುತ್ತಿರಲಿಲ್ಲ, ಅವಳಿಗೆ ಪುಸ್ತಕವಿರಲಿಲ್ಲ.

“ಏನಾಯ್ತು ಮೋಸೆಸ್?” ಎಂದಳು ಮಿನ್ನಾ ಅತ್ತೆ.

“ಏನಿಲ್ಲ ತಂಗಿ. ನಾನು ಇನ್ನೂ ಹುಟ್ಟಿಲ್ವಂತೆ,” ಎಂದು ಅವನು ಟೋಪಿ ಸರಿ ಮಾಡಿಕೊಂಡು, ಯಾರ ಮುಖವನ್ನೂ ನೋಡದೆ ಮೆಟ್ಟಿಲಿಳಿದು ಹೋದ.

ಲಿಯಾಂಡರ್ ಅವನ ಬೆನ್ನನ್ನೇ ನೋಡುತ್ತಾ ನಿಂತ. ಒಬ್ಬಳನ್ನು ಒಳಗೆ ಬಿಡಿಸಿದ್ದೇನೆಂದು ಬೆಳಗಿನಿಂದ ಒಳಗೊಳಗೇ ಇದ್ದ ಒಂದು ಸಣ್ಣ ಗೆಲುವು ಆ ಮೆಟ್ಟಿಲ ಮೇಲೆಯೇ ಸತ್ತುಹೋಯಿತು. ಪುಸ್ತಕವಿದ್ದವರಿಗೆ ಒಂದು ಸಾಲು, ಇಲ್ಲದವರಿಗೆ ಅದೂ ಇಲ್ಲ. ಅವನ ಪೆನ್ಸಿಲು ಎಷ್ಟು ಮಂದಿಯನ್ನು ಹುಟ್ಟಿಸೀತು?

ಮಿನ್ನಾ ಅತ್ತೆ ಮನೆಗೆ ಹೋಗಲಿಲ್ಲ. ಅವನ ಜೊತೆಯೇ ಷೆಡ್ಡಿನವರೆಗೆ ನಡೆದು ಬಂದಳು. ದಾರಿಯುದ್ದಕ್ಕೂ ಮೋಸೆಸ್‌ನನ್ನು ನೆನೆದು ಮರುಗಿದಳು, ಆಚೆ ದಡದವರನ್ನು, ಅವರ ಮೇಜನ್ನು, ಅವರ ಪೆಪ್ಪರಮಿಂಟನ್ನು ಬೈದಳು. ಒಳಗೆ ಬಂದು ಸ್ಟೂಲಿನ ಮೇಲೆ ಕೂತ ಮೇಲೆ ಒಮ್ಮೆಲೇ ತಣ್ಣಗಾದಳು.

“ತೆಗಿ ಕೂಟಾ. ನೋಡ್ತೀನಿ.”

ಅವನು ಪುಸ್ತಕ ತಂದು ಆ ಪುಟ ತೆರೆದು ತೊಡೆಯ ಮೇಲಿಟ್ಟ. ಆಕೆ ಕನ್ನಡಕ ಹಾಕಿಕೊಂಡು ಮೇಲಿನಿಂದ ಒಂದೊಂದೇ ಸಾಲನ್ನು ಬೆರಳಿಟ್ಟು ಓದುತ್ತಾ ಬಂದಳು. ಬೆರಳು ಆಗಸ್ಟ್ ಮೂರಕ್ಕೆ ಬಂದು ನಿಂತಿತು.

“ಬರೆದಿದ್ದಾಳೆ,” ಎಂದಳು ಕೊನೆಗೆ. “ಇಡೀ ಜನ್ಮ ನನ್ನನ್ನ ಬಿಟ್ಟುಬಿಟ್ಟಳು ಅಂದ್ಕೊಂಡಿದ್ದೆ ಕಣೋ. ಅವಳು ದಾರೀಲಿ ಸಿಕ್ಕಾಗಲೆಲ್ಲ ಕೇಳ್ಬೇಕು ಅಂತ ಬಾಯಿಗೆ ಬರೋದು. ಇಲ್ಲ ಅಂದುಬಿಟ್ರೆ ಅಂತ ಹೆದ್ರಿಕೆ. ಮುಂಡೇದು, ಸುಮ್ಮನೆ ಅರವತ್ತು ಎಪ್ಪತ್ತು ವರ್ಷ ಹೆದರಿದೆ ನೋಡು.” ಕನ್ನಡಕ ತೆಗೆದು ಕಣ್ಣೊರೆಸಿಕೊಂಡು ಮತ್ತೆ ಹಾಕಿಕೊಂಡಳು. “ಏರು ನೀರು! ನಮ್ಮಮ್ಮನೂ ಇದನ್ನ ಯಾವತ್ತೂ ಹೇಳಿರ್ಲಿಲ್ಲ. ಏರು ನೀರಲ್ಲಿ ಹುಟ್ಟಿದವರು ಗಟ್ಟಿ ಅಂತಾರೆ. ಅದಕ್ಕೇ ಇರ್ಬೇಕು, ಬಿರುಗಾಳೀನೂ ನನ್ನ ಏನೂ ಮಾಡ್ಲಿಲ್ಲ. ಅಲ್ವೇನೋ?”

ಲಿಯಾಂಡರ್ ಹೌದು ಎನ್ನುವಂತೆ ತಲೆಯಾಡಿಸಿದ. ಅದಾದ ಮೇಲೆ ಆಕೆ ಒಂಬತ್ತು ವರ್ಷ ಬದುಕಿದ್ದಳು, ಪ್ರತಿ ವಾರ ಆ ಷೆಡ್ಡಿಗೆ ಬರುತ್ತಿದ್ದಳು. ಆ ಸಾಲು ಎಪ್ಪತ್ತೆರಡು ವರ್ಷ ಖಾಲಿ ಇತ್ತೆಂದೂ ಅದನ್ನು ಬರೆದದ್ದು ತಾನೆಂದೂ ಅವನು ಆಕೆಗೆ ಹೇಳಲೇ ಇಲ್ಲ.